ಕಂದಾಯ ಕಾಗದದ ಕನ್ನಡ ಮತ್ತು ಹೊಂದಿಕೊಳ್ಳುವ ನಿಘಂಟು: ಯಾದಗಿರಿ, ಶಹಾಪುರ, ಸುರಪುರ ಸೀಮೆಯ ನಿದರ್ಶನ

ಓದುಗರ ವಯಸ್ಸು, ಊರು, ಕಲಿಕೆಯ ಮಟ್ಟ ನೋಡಿಕೊಂಡು ಅರ್ಥ ಹೇಳುವ ಡಿಜಿಟಲ್ ನಿಘಂಟುಗಳ ಬಗ್ಗೆ ಈಗ ಹೆಚ್ಚು ಚರ್ಚೆಯಾಗುತ್ತಿದೆ. ಆದರೆ ನಿಘಂಟು ಮೊದಲು ಹೊಂದಿಕೊಳ್ಳಬೇಕಾದದ್ದು ಓದುಗರ ಮುಂದಿರುವ ಬರಹಕ್ಕೆ ಎಂಬುದು ಈ ಲೇಖನದ ವಾದ. ಯಾದಗಿರಿ ಸೀಮೆ ಇದಕ್ಕೆ ಒಳ್ಳೆಯ ನಿದರ್ಶನ. 1948ರವರೆಗೆ ಹೈದರಾಬಾದ್ ಸಂಸ್ಥಾನದಲ್ಲಿದ್ದ ಇಲ್ಲಿ ಜನರ ಮಾತು ಬಹುಮಟ್ಟಿಗೆ ಕನ್ನಡ, ಕಚೇರಿಯ ಭಾಷೆ ಉರ್ದು. 1956ರಲ್ಲಿ ಮೈಸೂರು ರಾಜ್ಯಕ್ಕೆ ಸೇರಿದ ಮೇಲೂ ಪಹಣಿ, ಪಟ್ಟಾ, ಇನಾಮು, ಖುಷ್ಕಿ, ತರಿ ಮುಂತಾದ ಪದಗಳು ಜಮೀನಿನ ವ್ಯವಹಾರದಲ್ಲಿ ಉಳಿದುಕೊಂಡವು.

‘ತರಿ’ಯನ್ನೇ ನೋಡಬಹುದು. ಕಾವ್ಯದಲ್ಲಿ ಅದು ಕತ್ತರಿಸುವ ಕ್ರಿಯೆ. ಅಡುಗೆಮನೆಯಲ್ಲಿ ನುಣ್ಣಗಾಗದ ಕಾಳಿನ ಪುಡಿ. ಕಂದಾಯ ದಾಖಲೆಯಲ್ಲಿ ಖುಷ್ಕಿಗೆ, ಅಂದರೆ ಮಳೆಯನ್ನೇ ನೆಚ್ಚಿದ ಜಮೀನಿಗೆ, ಎದುರಾದ ನೀರಾವರಿ ಜಮೀನು. ಶಹಾಪುರದ ರೈತರೊಬ್ಬರು ಈ ಮೂರೂ ಅರ್ಥಗಳಲ್ಲಿ ಪದವನ್ನು ಬಳಸಬಲ್ಲರು. ಅವರು ಯಾರೆಂದು ತಿಳಿದರೂ ಯಂತ್ರಕ್ಕೆ ಅರ್ಥ ಸಿಕ್ಕುವುದಿಲ್ಲ. ಅದೇ ಸಾಲಿನಲ್ಲಿ ಸರ್ವೆ ನಂಬರು, ಎಕರೆ, ಗುಂಟೆ ಇದ್ದರೆ ಮಾತ್ರ ಸಂದೇಹ ಕಳೆಯುತ್ತದೆ. ಕಾಲವನ್ನೂ ಕಾಗದವೇ ಹೇಳುತ್ತದೆ: ಕಂದಾಯದ ವರ್ಷಗಣನೆಯಾದ ಫಸಲಿಯಲ್ಲಿ 1358 ಎಂದಿದ್ದರೆ ಅದು 1948–49. ಈ ಸೀಮೆಗೆ ನೀರು ತಂದ ನಾರಾಯಣಪುರ ಅಣೆಕಟ್ಟಿನ ಕಾಲುವೆ ಬರುವ ಮುಂಚಿನ ದಾಖಲೆಯ ‘ಖುಷ್ಕಿ’ಯನ್ನು ಅದೇ ಹೊಲದ ಇಂದಿನ ಭತ್ತದ ಗದ್ದೆಯ ಮೇಲಿಂದ ಅರ್ಥೈಸಬಾರದು.

ಇಂಥ ವಿವೇಕ ಕನ್ನಡ ನಿಘಂಟುಕಾರರಿಗೆ ಹೊಸದಲ್ಲ. 1894ರ ಕಿಟ್ಟೆಲ್ ಕೋಶ ಪದಗಳ ಪ್ರಾದೇಶಿಕ ಬಳಕೆಯನ್ನು ಸಂಕೇತಾಕ್ಷರಗಳಿಂದ ಗುರುತಿಸಿತು. ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು ಪ್ರಯೋಗಗಳ ಸಮೇತ ಅರ್ಥಗಳನ್ನು ಜೋಡಿಸಿತು. ಆದರೆ ಅಚ್ಚಿನ ಪುಟದಲ್ಲಿ ಸರಿಯಾದ ಅರ್ಥ ಆಯ್ದುಕೊಳ್ಳುವ ಹೊರೆ ಓದುಗರದಾಗಿತ್ತು. ವಿ. ಕೃಷ್ಣ ಅವರ ‘ಅಲರ್’ನಂಥ ಮುಕ್ತ ಕೋಶಗಳು ಅಂತರ್ಜಾಲಕ್ಕೆ ಬಂದಿರುವುದರಿಂದ ಆ ಹೊರೆಯನ್ನು ಹಗುರಗೊಳಿಸಲು ಬೇಕಾದ ತಳಹದಿ ಈಗ ಇದೆ.

ಒಬ್ಬೊಬ್ಬರಿಗೆ ಒಂದೊಂದು ಅರ್ಥ ತೋರಿಸಿದರೆ ನಿಘಂಟಿನ ಪ್ರಾಮಾಣ್ಯವೇ ಹೋಗುವುದಿಲ್ಲವೇ ಎಂಬ ಆಕ್ಷೇಪ ಸಹಜ. ಜಮೀನಿನ ತಕರಾರಿನಲ್ಲಿ ಎರಡೂ ಕಡೆಯವರು ಬೇರೆ ಬೇರೆ ಅರ್ಥ ಹಿಡಿದು ಬಂದರೆ ಅಪಾಯವೂ ಹೌದು. ಆದ್ದರಿಂದ ಬದಲಾಗಬೇಕಾದದ್ದು ಅರ್ಥಗಳ ಕ್ರಮ ಮಾತ್ರ. ಸಂಪಾದಕರು ಒಪ್ಪಿದ ಎಲ್ಲ ಅರ್ಥಗಳೂ ಕಣ್ಣಿಗೆ ಬೀಳುವಂತಿರಬೇಕು, ಮೊದಲನೆಯದು ಏಕೆ ಮೊದಲು ಬಂತೆಂಬ ಕಾರಣವೂ ಜೊತೆಗಿರಬೇಕು. ಶಾಲೆಯ ಮಕ್ಕಳಿಗೆ ಸರಳ ವಿವರಣೆ ಬೇಡವೇ ಎಂದರೆ, ಖಂಡಿತ ಬೇಕು. ಅದನ್ನು ಓದುಗರೇ ಆರಿಸಿಕೊಳ್ಳಲಿ, ಮೊಬೈಲು ಊಹಿಸುವುದು ಬೇಡ. ಸುರಪುರಕ್ಕೆ ವರ್ಗವಾಗಿ ಬಂದ ಮೈಸೂರಿನ ನೌಕರರ ನುಡಿಯನ್ನು ಮೊಬೈಲು ಇರುವ ಜಾಗದಿಂದ ಅಳೆಯಲಾಗದು. ಬರಹಕ್ಕೆ ಹೊಂದಿಕೊಳ್ಳುವ ನಿಘಂಟಿಗೆ ಓದುಗರ ಗುರುತೇ ಬೇಕಾಗುವುದಿಲ್ಲ, ಅದರ ಆಯ್ಕೆ ಸರಿಯೋ ತಪ್ಪೋ ಎಂಬುದನ್ನು ಅದೇ ಕಾಗದವನ್ನಿಟ್ಟು ಯಾರು ಬೇಕಾದರೂ ಪರೀಕ್ಷಿಸಬಹುದು.