ಮನ್ಯು: ಒಂದು ಶಬ್ದದ ಚರಿತ್ರೆ

ಕೋಪವನ್ನು ಕುರಿತು ನಮ್ಮ ಹಿರಿಯರು ಒಳ್ಳೆಯ ಮಾತನ್ನಾಡಿದುದು ವಿರಳ. ಅರಿಷಡ್ವರ್ಗದಲ್ಲಿ ಕಾಮದ ಬೆನ್ನಿಗೇ ನಿಂತಿರುವುದು ಕ್ರೋಧ. ಹಾಗಾದರೆ, ಅನ್ಯಾಯವನ್ನು ಕಂಡಾಗ ಸಜ್ಜನರ ಹೃದಯದಲ್ಲಿ ಏಳುವ ಕಿಚ್ಚನ್ನು ಏನೆಂದು ಕರೆಯಬೇಕು? ಈ ಪ್ರಶ್ನೆಗೆ ಉತ್ತರವಾಗಬಲ್ಲ ಪ್ರಾಚೀನ ಶಬ್ದವೊಂದುಂಟು, ಅದು 'ಮನ್ಯು'.

ಋಗ್ವೇದದ ಹತ್ತನೆಯ ಮಂಡಲದ 83 ಮತ್ತು 84ನೆಯ ಸೂಕ್ತಗಳಿಗೆ ಮನ್ಯುವೇ ದೇವತೆ. ಶತ್ರುಗಳನ್ನು ಎದುರಿಸುವವರು ಅವನ ನೆರವನ್ನು ಬೇಡುತ್ತಾರೆ. ಯಜುರ್ವೇದದ ಶತರುದ್ರೀಯದಲ್ಲಿ ಮೊದಲ ನಮಸ್ಕಾರವು ಸಲ್ಲುವುದು ರುದ್ರನ ಮನ್ಯುವಿಗೆ. ಶಬ್ದದ ಮೂಲವಾದರೋ 'ಮನ್' ಎಂಬ ಧಾತು. ಯೋಚಿಸು, ತಿಳಿ ಎಂದು ಅದರ ಅರ್ಥ. ಮನಸ್ಸು, ಮತಿ, ಮನನ, ಮಂತ್ರ ಇವೆಲ್ಲವೂ ಅದೇ ಬೇರಿನ ಚಿಗುರುಗಳು. ಪ್ರಾಚೀನ ಪಾರಸಿಕರ ಅವೆಸ್ತಾ ಗ್ರಂಥದಲ್ಲಿ ಇದರ ಜ್ಞಾತಿಯಾದ 'ಮೈನ್ಯು' ಶಬ್ದಕ್ಕೆ ಚೈತನ್ಯವೆಂದು ಅರ್ಥ. ಕೋಪಕ್ಕೆ ಬಂದ ಈ ಹೆಸರು, ಹೀಗೆ, ವಿಚಾರದ ಮನೆತನದಲ್ಲಿ ಹುಟ್ಟಿದುದು.

ಅಮರಸಿಂಹನು ತನ್ನ ಕೋಶದಲ್ಲಿ ಮನ್ಯುವಿಗೆ ದೈನ್ಯ, ಯಜ್ಞ, ಕ್ರೋಧ ಎಂಬ ಮೂರು ಅರ್ಥಗಳನ್ನು ಕೊಟ್ಟಿದ್ದಾನೆ. ನೂರು ಯಜ್ಞಗಳ ಇಂದ್ರನು ಶತಮನ್ಯು. ಒಂದೇ ಶಬ್ದದಲ್ಲಿ ಈ ಮೂರೂ ಹೇಗೆ ನೆಲಸಿದವೆಂದು ಅಚ್ಚರಿಯಾಗಬಹುದು. ಮಹಾಭಾರತದ ವನಪರ್ವವು ಈ ಅಚ್ಚರಿಯನ್ನು ಬಹುಮಟ್ಟಿಗೆ ಕಳೆಯುತ್ತದೆ. ಅಲ್ಲಿ ದ್ರೌಪದಿಯು ತಮ್ಮಂದಿರ ಪಾಡನ್ನು ಒಬ್ಬೊಬ್ಬರದಾಗಿ ಧರ್ಮರಾಯನಿಗೆ ತೋರಿಸಿ, ಇದನ್ನು ಕಂಡೂ ನಿನ್ನ ಮನ್ಯುವು ಏಕೆ ಬೆಳೆಯದು ಎಂದು ಮತ್ತೆ ಮತ್ತೆ ಕೇಳುತ್ತಾಳೆ. ಮೊದಲು ಕಾಣಬೇಕಾದುದು ನೊಂದವರ ದುಃಖ; ಕೋಪವು ಅದರ ಹಿಂದೆ ಬರುವಂಥದು. ಎಲ್ಲ ಕಾಲಕ್ಕೂ ಕ್ಷಮೆಯೂ ಸಲ್ಲದು, ಎಲ್ಲ ಕಾಲಕ್ಕೂ ಉಗ್ರತೆಯೂ ಸಲ್ಲದು ಎಂದು ಪ್ರಹ್ಲಾದನು ಬಲಿಗೆ ಹೇಳಿದ ನೀತಿಯನ್ನೂ ಅವಳು ನೆನಪಿಸುತ್ತಾಳೆ.

ಇದೇ ಪ್ರಸಂಗವನ್ನು ಭಾರವಿಯು 'ಕಿರಾತಾರ್ಜುನೀಯ'ದ ಆರಂಭಕ್ಕೆ ಇಟ್ಟುಕೊಂಡನು. ಕನ್ನಡಿಗರಿಗೆ ಈ ಕವಿ ದೂರದವನಲ್ಲ. ಇಮ್ಮಡಿ ಪುಲಕೇಶಿಯ ಕಾಲದಲ್ಲಿ, ಕ್ರಿ.ಶ. 634ರಲ್ಲಿ, ರವಿಕೀರ್ತಿಯು ಐಹೊಳೆಯ ಶಾಸನದಲ್ಲಿ ಕಾಳಿದಾಸನೊಡನೆ ಅವನ ಹೆಸರನ್ನು ಕಲ್ಲಿನಲ್ಲಿ ಕೆತ್ತಿಸಿದ್ದಾನೆ. ಭಾರವಿಯ ದ್ರೌಪದಿಯೂ ಭೀಮನೂ ಕೆರಳುತ್ತಾರೆ, ಧರ್ಮರಾಯನು ದುಡುಕಬೇಡವೆನ್ನುತ್ತಾನೆ. ಆಗ ವ್ಯಾಸರು ಬಂದು ಅರ್ಜುನನನ್ನು ಕಳುಹಿಸುವುದು ಯುದ್ಧಕ್ಕಲ್ಲ, ತಪಸ್ಸಿಗೆ.

ಮುಂದಿನ ಕವಿಗಳು ಮನ್ಯುವನ್ನು ಸಾಮಾನ್ಯ ಸಿಟ್ಟಿಗೂ ಬಳಸಿದರೆಂಬುದು ನಿಜ. ಆದರೂ ಶಬ್ದದ ಚರಿತ್ರೆ ನಮ್ಮ ಕೈಗೊಂದು ಒರೆಗಲ್ಲನ್ನು ಕೊಟ್ಟಿದೆ. ನಮ್ಮ ಕೋಪವು ಪರರ ನೋವಿನಿಂದ ಹುಟ್ಟಿತೆ? ವಿಚಾರದ ಮಾತನ್ನು ಕೇಳೀತೆ? ತನ್ನದನ್ನು ತ್ಯಾಗಮಾಡಲು ಸಿದ್ಧವಿದೆಯೆ? ಈ ಮೂರಕ್ಕೂ ಹೌದೆನ್ನಬಲ್ಲವನ ಕೋಪವನ್ನು ಮಾತ್ರ ಮನ್ಯುವೆಂದು ಕರೆಯೋಣ. ಉಳಿದುದಕ್ಕೆ ಕ್ರೋಧವೆಂಬ ಹೆಸರು ಇದ್ದೇ ಇದೆ.