ಬಿಸಿಲುಮಚ್ಚಿನ ಚರಿತ್ರೆ

ಕನ್ನಡದಲ್ಲಿ ‘ಬಿಸಿಲುಮಚ್ಚು’ ಎಂಬ ಸೊಗಸಾದ ಪದವೊಂದುಂಟು. ಮಚ್ಚು ಎಂದರೆ ಮಾಳಿಗೆ. ಬಿಸಿಲಿಗೆ ತೆರೆದಿಟ್ಟ ಮಾಳಿಗೆಯೇ ಬಿಸಿಲುಮಚ್ಚು. ಇಂದು ನಾವೆಲ್ಲ ಟೆರೇಸು ಎಂದು ಕರೆಯುವುದು ಇದನ್ನೇ. ಉಪ್ಪರಿಗೆ, ಕರುಮಾಡ ಮೊದಲಾದ ಮಾತುಗಳು ನಮ್ಮ ಹಳೆಯ ಕಾವ್ಯಗಳಲ್ಲಿ ಬೇಕಾದಷ್ಟು ಬರುತ್ತವೆ. ಎತ್ತರದ ಮನೆಯ ಕಲ್ಪನೆ ಕನ್ನಡಿಗರಿಗೆ ಹೊಸದಲ್ಲ. ಆ ಮನೆಯ ನೆತ್ತಿಯ ಮೇಲೆ ಬೀಳುವ ಬಿಸಿಲನ್ನು ಕೂಲಿಯಾಳಿನಂತೆ ದುಡಿಸಿಕೊಳ್ಳಬಹುದೆಂಬ ಯೋಚನೆ ಮಾತ್ರ ಈಚಿನದು. ಅದು ಬಂದ ದಾರಿಯನ್ನು, ವಾಚಕರೇ, ತುಸು ನೋಡೋಣ.

ಅಂಕೋಲೆ ತಾಲೂಕಿನ ಅಗಸೂರಿನಂಥ ಊರುಗಳಲ್ಲಿ ಹಿಂದೆ ಬಿಸಿಲುಮಚ್ಚಿಗೆ ಎಡೆಯೇ ಇರಲಿಲ್ಲ. ವರ್ಷಕ್ಕೆ 3,000 ಮಿಲಿಮೀಟರಿಗೂ ಮಿಕ್ಕಿ ಮಳೆ ಸುರಿಯುವ ಸೀಮೆಯಲ್ಲಿ ಚಪ್ಪಟೆ ಮಾಳಿಗೆ ಕಟ್ಟುವವರಾರು? ಇಳಿಜಾರಾದ ಮಾಡು, ಮುಂದೆ ಸಗಣಿ ಸಾರಿಸಿದ ಅಂಗಳ. ಬಿಸಿಲಿನ ಕೆಲಸವೆಲ್ಲ ಆ ಅಂಗಳದಲ್ಲೇ. ಕೊಬ್ಬರಿ, ಅಡಿಕೆ, ಹಪ್ಪಳ, ಒಣಮೀನು ಎಲ್ಲಕ್ಕೂ ಅದೇ ಒಲೆ. ಇನ್ನು ಸಮುದ್ರದ ಅಂಚಿಗೆ ಹೋದರೆ ಉಪ್ಪಿನ ಆಗರಗಳು. ಗೋಕರ್ಣದ ಬಳಿಯ ಸಾಣಿಕಟ್ಟೆಯಲ್ಲಿ ಉಪ್ಪುನೀರನ್ನು ಮಡಿಗಳಲ್ಲಿ ನಿಲ್ಲಿಸಿ ಆರಿಸುವುದು ಸೂರ್ಯನೇ, ಸೌದೆಯ ಖರ್ಚಿಲ್ಲ. 1930ರ ಏಪ್ರಿಲ್ 13ರಂದು ಅಂಕೋಲೆಯಲ್ಲಿ ಎಂ. ಪಿ. ನಾಡಕರ್ಣಿಯವರ ಮುಂದಾಳುತನದಲ್ಲಿ ಜನ ಉಪ್ಪಿನ ಕಾಯಿದೆಯನ್ನು ಮುರಿದರಷ್ಟೆ. ಕಡಲೂ ಬಿಸಿಲೂ ಪುಕ್ಕಟೆಯಾಗಿ ಕೊಟ್ಟ ವಸ್ತುವಿಗೆ ಸರಕಾರ ಕರ ಹಾಕಿದ್ದೇ ಅಂದಿನ ಜಗಳದ ಮೂಲ.

ಬಿಸಿಲಿನಿಂದ ಯಂತ್ರ ನಡೆಸುವ ಪ್ರಯತ್ನವೂ ನಮ್ಮಿಂದ ಬಹಳ ದೂರದಲ್ಲಿ ನಡೆಯಲಿಲ್ಲ. ಉತ್ತರ ಕನ್ನಡ ಜಿಲ್ಲೆ 1862ರಲ್ಲಿ ಮದರಾಸಿನಿಂದ ಮುಂಬಯಿ ಇಲಾಖೆಗೆ ಸೇರಿತು. ಆ ಮುಂಬಯಿಯ ಹೈಕೋರ್ಟಿನಲ್ಲಿ ಡೆಪ್ಯುಟಿ ರಿಜಿಸ್ಟ್ರಾರರಾಗಿದ್ದ ವಿಲಿಯಂ ಆಡಮ್ಸ್ ಎಂಬ ಆಂಗ್ಲರಿಗೆ ಕಾಗದಪತ್ರಗಳ ನಡುವೆಯೂ ಒಂದು ಹುಚ್ಚು ಹಿಡಿದಿತ್ತು. ಈ ದೇಶದಲ್ಲಿ ಸೌದೆ ದುಬಾರಿ, ಕಲ್ಲಿದ್ದಲು ಹಡಗಿನಲ್ಲಿ ಬರಬೇಕು, ಬಿಸಿಲಿಗಂತೂ ಬರವಿಲ್ಲ. ಹೀಗಿರುವಾಗ ಬಿಸಿಲಿನಿಂದಲೇ ಹಬೆಯನ್ನೇಕೆ ಎಬ್ಬಿಸಬಾರದು? ಅವರು ಕೊಲಾಬಾದ ತಮ್ಮ ಮನೆಯಲ್ಲಿ ಸಣ್ಣ ಚಪ್ಪಟೆ ಕನ್ನಡಿಗಳನ್ನು ದೊಡ್ಡ ಚೌಕಟ್ಟಿಗೆ ಜೋಡಿಸಿ, ಎಲ್ಲವುಗಳ ಬೆಳಕೂ ತಾಮ್ರದ ಒಂದೇ ಬಾಯಿಲರಿನ ಮೇಲೆ ಬೀಳುವಂತೆ ಮಾಡಿದರು. ಸೂರ್ಯ ಸರಿದಂತೆ ಚೌಕಟ್ಟನ್ನು ಒಬ್ಬ ಆಳು ತಳ್ಳಿ ತಿರುಗಿಸಬೇಕಾಗಿತ್ತು. ಎರಡೂವರೆ ಅಶ್ವಶಕ್ತಿಯ ಹಬೆ ಪಂಪೊಂದು ಇದರಿಂದ ನಡೆಯಿತು. ಜನ ಗುಂಪುಗೂಡಿ ನೋಡಿ ಬೆರಗಾದರು. 1878ರಲ್ಲಿ ಅವರು ಈ ವಿಷಯವಾಗಿ ಪುಸ್ತಕವನ್ನೂ ಅಚ್ಚು ಹಾಕಿಸಿದರು. ಅದೇ 1878ರಲ್ಲಿ ಅರಣ್ಯ ಕಾಯಿದೆ ಜಾರಿಗೆ ಬಂದು, ಕಾಡಿನಂಚಿನ ರೈತ ಸೊಪ್ಪು ಸೌದೆಗೂ ಅಧಿಕಾರಿಗಳ ಮುಖ ನೋಡಬೇಕಾಯಿತು. ಸೌದೆಯ ಬಾಗಿಲು ಮುಚ್ಚಿದ ವರ್ಷವೇ ಬಿಸಿಲಿನ ಬಾಗಿಲನ್ನು ಒಬ್ಬರು ತಟ್ಟುತ್ತಿದ್ದರು. ತೆರೆಯಲು ಯಾರೂ ಏಳಲಿಲ್ಲ. ಕಲ್ಲಿದ್ದಲು ಅಗ್ಗವಾಯಿತು, ಪುಸ್ತಕ ಮರೆತುಹೋಯಿತು.

ಮುಂದಿನ ಕಥೆಯನ್ನು ಬೇಗ ಹೇಳಿಬಿಡುತ್ತೇನೆ. ಬಿಸಿಲನ್ನು ನೇರವಾಗಿ ವಿದ್ಯುತ್ತಾಗಿಸುವ ಸೆಲಿನಿಯಂ ಫಲಕವನ್ನು 1883ರಲ್ಲಿ ಚಾರ್ಲ್ಸ್ ಫ್ರಿಟ್ಸ್ ಎಂಬವರು ನ್ಯೂಯಾರ್ಕಿನಲ್ಲಿ ಮಾಡಿದರು. ನೂರು ಪಾಲು ಬಿಸಿಲಿಗೆ ಒಂದು ಪಾಲು ವಿದ್ಯುತ್ತು ಸಿಕ್ಕಿತು. 1954ರಲ್ಲಿ ಅಮೆರಿಕದ ಬೆಲ್ ಪ್ರಯೋಗಶಾಲೆಯವರು ಸಿಲಿಕಾನಿನಿಂದ ಆರು ಪಾಲು ತೆಗೆದರು. ಬೆಂಗಳೂರಿನ ಪೀಣ್ಯದಲ್ಲಿ ಸಿದ್ಧವಾಗಿ 1975ರ ಏಪ್ರಿಲ್ 19ರಂದು ಆಕಾಶಕ್ಕೇರಿದ ‘ಆರ್ಯಭಟ’ ಉಪಗ್ರಹದ ಮೈಮೇಲೆ ಇಂಥ ಕೋಶಗಳಿದ್ದುವು. ನಮ್ಮ ಮನೆಯ ಮಚ್ಚಿಗೆ ಏರುವ ಮೊದಲು ಸೌರಕೋಶ ಅಂತರಿಕ್ಷಕ್ಕೇ ಏರಿತೆನ್ನಬೇಕು.

ಅಷ್ಟು ಹೊತ್ತಿಗೆ ಬೆಂಗಳೂರೂ ಮೇಲಕ್ಕೆ ಬೆಳೆಯತೊಡಗಿತ್ತು. ಮಹಾತ್ಮಾ ಗಾಂಧಿ ರಸ್ತೆಯಲ್ಲಿ 25 ಅಂತಸ್ತಿನ ಯುಟಿಲಿಟಿ ಕಟ್ಟಡ 1973ರಲ್ಲಿ ತಲೆಯೆತ್ತಿತು. ಮನೆಗಳ ಮಾತಿಗೆ ಬಂದರೆ, ಬಚ್ಚಲ ಹಂಡೆಯ ಜಾಗಕ್ಕೆ ಮೊದಲು ವಿದ್ಯುತ್ತಿನ ಬಾಯಿಲರೂ ಆಮೇಲೆ ಮಚ್ಚಿನ ಮೇಲಿನ ಸೋಲಾರ್ ಹೀಟರೂ ಬಂದುವು. 2007ರಲ್ಲಿ ರಾಜ್ಯ ಸರಕಾರ ಕೆಲವು ಬಗೆಯ ಹೊಸ ಕಟ್ಟಡಗಳಿಗೆ ಇದನ್ನು ಕಡ್ಡಾಯಗೊಳಿಸಿತು. ಒಂಟಿ ಮನೆಯಲ್ಲಿ ಇದು ಚೆನ್ನಾಗಿ ನಡೆಯುತ್ತದೆ. ಹತ್ತಂತಸ್ತಿನ ಕಟ್ಟಡದಲ್ಲಿ ನೋಡಿ: ಕಾದ ನೀರು ಮಚ್ಚಿನಲ್ಲಿದೆ, ಮೀಯುವವರು ಕೆಳಗಿದ್ದಾರೆ. ಕೊಳವೆಯಲ್ಲಿ ರಾತ್ರಿಯಿಡೀ ನಿಂತು ತಣ್ಣಗಾದ ನೀರೆಲ್ಲ ಹರಿದುಹೋದ ಮೇಲೆಯೇ ಕೆಳಗಿನವರಿಗೆ ಬಿಸಿನೀರಿನ ಯೋಗ. ಅಷ್ಟರಲ್ಲಿ ಬಕೆಟ್ಟುಗಟ್ಟಲೆ ನೀರು ಮೋರಿಯ ಪಾಲು. ಕೊಳವೆಗೆ ದಪ್ಪ ಹೊದಿಕೆ ಹಾಕಿ, ಪಂಪಿನಿಂದ ಬಿಸಿನೀರನ್ನು ಸುತ್ತು ತಿರುಗಿಸಿದರೆ ಈ ತೊಂದರೆ ತಪ್ಪುತ್ತದೆ. ಆದರೆ ಅದನ್ನು ಕಟ್ಟುವಾಗಲೇ ಯೋಚಿಸಿರಬೇಕು.

ಇನ್ನು ವಿದ್ಯುತ್ತಿನ ಲೆಕ್ಕ. ವಾಚಕರು ಒಂದು ತುಂಡು ಕಾಗದ ತೆಗೆದುಕೊಳ್ಳಬಹುದು. ಒಂದು ಕಿಲೋವಾಟಿನ ಫಲಕಗಳಿಗೆ ಸುಮಾರು 10 ಚದರ ಮೀಟರ್ ಜಾಗ ಬೇಕು. ನಮ್ಮ ನಾಡಿನ ಬಿಸಿಲಿಗೆ ದಿನಕ್ಕೆ ಸರಾಸರಿ 4 ಯೂನಿಟ್ಟು ಬರುತ್ತದೆ. ಹತ್ತಂತಸ್ತು, ಅಂತಸ್ತಿಗೆ ನಾಲ್ಕು, ಒಟ್ಟು 40 ಮನೆಗಳೆನ್ನಿ. ಮಚ್ಚು 400 ಚದರ ಮೀಟರ್. ನೀರಿನ ಟಾಂಕಿ, ಲಿಫ್ಟಿನ ಕೋಣೆ, ಅವುಗಳ ನೆರಳು, ಬಟ್ಟೆ ಒಣಹಾಕುವ ಹಗ್ಗ ಇವಕ್ಕೆಲ್ಲ ಅರ್ಧ ಹೋಯಿತು. ಉಳಿದ 200ರಲ್ಲಿ 20 ಕಿಲೋವಾಟು, ಅಂದರೆ ದಿನಕ್ಕೆ 80 ಯೂನಿಟ್ಟು. ಮನೆಗೆ ಎರಡೇ ಎರಡು. ಲಿಫ್ಟು, ನೀರಿನ ಪಂಪು, ಮೆಟ್ಟಿಲ ದೀಪ ಈ ಹಂಚಿಕೆಯ ಖರ್ಚನ್ನು ಇದು ಬಹುಮಟ್ಟಿಗೆ ತೂಗಿಸೀತು. ಕಟ್ಟಡ ಎತ್ತರವಾದಷ್ಟೂ ಮನೆಗಳು ಹೆಚ್ಚುತ್ತವೆ, ಮಚ್ಚು ಮಾತ್ರ ಅಷ್ಟೇ.

ಹಾಗಾದರೆ ಗೋಡೆಗೇ ಫಲಕ ಹೊದಿಸಬಾರದೇ? ಇಂಗ್ಲೆಂಡಿನ ಮ್ಯಾಂಚೆಸ್ಟರಿನಲ್ಲಿ 1962ರ ಸಿ. ಐ. ಎಸ್. ಗೋಪುರದ ಗೋಡೆಬಿಲ್ಲೆಗಳು ಉದುರತೊಡಗಿದಾಗ ಅವುಗಳ ಜಾಗಕ್ಕೆ ಏಳು ಸಾವಿರಕ್ಕೂ ಹೆಚ್ಚು ಸೌರಫಲಕಗಳನ್ನು 2005ರ ಸುಮಾರಿಗೆ ಹೊದಿಸಿದರು. ಆದರೆ ಅಲ್ಲಿ ಸೂರ್ಯ ತಗ್ಗಿನಲ್ಲೇ ಸಾಗುವವನು. ಗೋಡೆಗೆ ನೇರವಾಗಿ ಬೆಳಕು ಬೀಳುತ್ತದೆ. ಅಂಕೋಲೆಯಲ್ಲಿ ಏಪ್ರಿಲ್ ಕೊನೆಗೊಮ್ಮೆ, ಆಗಸ್ಟ್ ನಡುವೆ ಒಮ್ಮೆ ಮಧ್ಯಾಹ್ನದ ಸೂರ್ಯ ಸರಿಯಾಗಿ ನಡುನೆತ್ತಿಗೆ ಬರುತ್ತಾನೆ. ಆ ನಡುವಣ ತಿಂಗಳುಗಳಲ್ಲಿ ಉತ್ತರಕ್ಕೇ ವಾಲುವುದರಿಂದ ತೆಂಕಣ ಗೋಡೆಗೆ ಮಧ್ಯಾಹ್ನದ ಬಿಸಿಲೇ ಇಲ್ಲ. ಪರದೇಶದ ಚಿತ್ರ ನೋಡಿ ಗೋಡೆಗೆ ಹಣ ಸುರಿಯುವವರು ಮೊದಲು ಪಂಚಾಂಗ ನೋಡುವುದೊಳ್ಳೆಯದು.

ನಮ್ಮ ಜಿಲ್ಲೆಗೆ ಇದೆಲ್ಲ ಬೆಂಗಳೂರಿನ ಸುದ್ದಿಯಾಗಿ ಉಳಿದಿಲ್ಲ. ಕಾರವಾರದ ನೌಕಾನೆಲೆಯಲ್ಲಿ 320 ಮನೆಗಳ ಏಳು ವಸತಿಗೋಪುರಗಳು 2024ರ ಮಾರ್ಚಿನಲ್ಲಿ ಉದ್ಘಾಟನೆಗೊಂಡುವು. ವಿದ್ಯುತ್ತಿಗಾಗಿ ಈ ಜಿಲ್ಲೆ ತೆತ್ತದ್ದು ಕಡಮೆಯಲ್ಲ. ಕಾಳಿ ನದಿಯ ಅಣೆಕಟ್ಟಿಗೆ ಸೂಪಾ ಊರೇ ಮುಳುಗಿ ತಾಲೂಕು ಕಚೇರಿ ಜೋಯಿಡಾಕ್ಕೆ ಹೋಯಿತು. ಕೈಗಾದ ನಾಲ್ಕು ಘಟಕಗಳು ಕಾಡಿನ ನಡುವೆ ನಿಂತಿವೆ. ಮಚ್ಚಿನ ಮೇಲಿನ ವಿದ್ಯುತ್ತಿಗೆ ಯಾರೂ ಊರು ಬಿಡಬೇಕಾಗಿಲ್ಲ.

ಆದರೆ ಆ ಮಚ್ಚು ಯಾರದು? 1972ರ ಕರ್ನಾಟಕ ಅಪಾರ್ಟ್‌ಮೆಂಟ್ ಒಡೆತನದ ಕಾಯಿದೆ ಮಾಡನ್ನು ಎಲ್ಲ ಮನೆಯೊಡೆಯರ ಹಂಚಿಕೆಯ ಭಾಗವೆಂದು ಹೇಳುತ್ತದೆ. ಕೇಂದ್ರ ಸರಕಾರ 2024ರ ಫೆಬ್ರವರಿಯಲ್ಲಿ ಆರಂಭಿಸಿದ ಸೂರ್ಯಘರ್ ಯೋಜನೆ ವಸತಿ ಸಂಘಗಳ ಹಂಚಿಕೆಯ ಬಳಕೆಗೆ ಕಿಲೋವಾಟಿಗೆ 18,000 ರೂಪಾಯಿ ಸಹಾಯಧನವನ್ನು ಗೊತ್ತುಮಾಡಿತು. ಮನೆ ಕೊಳ್ಳುವವರು ಅಡಿಗೆಮನೆಯ ಕಲ್ಲಿನ ಬಣ್ಣ ಕೇಳುವ ಮೊದಲು, ಮಚ್ಚಿನ ಹಕ್ಕು ಯಾರ ಹೆಸರಿನಲ್ಲಿದೆ, ಟಾಂಕಿ ಯಾವ ದಿಕ್ಕಿಗಿದೆ ಎಂದು ಕೇಳಲಿ. ಟಾಂಕಿ ಬಡಗಣ ಮೂಲೆಗಿದ್ದರೆ ವರ್ಷದ ಬಹುಭಾಗ ಅದರ ನೆರಳು ಫಲಕಗಳ ಮೇಲೆ ಬೀಳುವುದಿಲ್ಲ.

ಮಳೆಗಾಲದ ನಾಲ್ಕು ತಿಂಗಳು ಏನು ಗತಿ ಎಂದು ಕರಾವಳಿಯವರು ಕೇಳಿಯಾರು. ಆಗ ಫಲಕಗಳ ಉತ್ಪತ್ತಿ ಇಳಿಯುವುದು ನಿಜ. ಅದೇ ದಿನಗಳಲ್ಲಿ ಲಿಂಗನಮಕ್ಕಿಯೂ ಸೂಪಾವೂ ತುಂಬುತ್ತಿರುತ್ತವೆ. ಮಾರ್ಚ್ ಏಪ್ರಿಲಿನಲ್ಲಿ ಆ ಜಲಾಶಯಗಳು ತಳ ಕಾಣುವಾಗ ಮಚ್ಚಿನ ಮೇಲೆ ಬಿಸಿಲು ಕಾದಿರುತ್ತದೆ.