ಕಾಗೆಬಂಗಾರದಿಂದ ಕ್ಯಾಂಪರ್‌ನ ಅಡುಗೆಕಟ್ಟೆಗೆ

ಪುಟ್ಟ ಕ್ಯಾಂಪರ್‌ನ ಅಡುಗೆಕಟ್ಟೆಯನ್ನು ನಾವೇ ಬದಲಿಸಹೊರಟಾಗ, ಆಡಮ್ಸ್‌ಟೌನ್‌ನಲ್ಲಿರುವ ನಮಗೆ ಮೊದಲು ನೆನಪಾಗುವುದು ಊರಮನೆಯ ಗ್ರಾನೈಟ್. ಆದರೆ 20 ಮಿಲಿಮೀಟರ್ ದಪ್ಪದ ಗ್ರಾನೈಟ್ ಚದರ ಮೀಟರಿಗೆ ಸುಮಾರು 54 ಕಿಲೋ ತೂಗುತ್ತದೆ. ಅಷ್ಟೇ ದಪ್ಪದ ಪ್ಲೈವುಡ್ ಸುಮಾರು 13 ಕಿಲೋ. ಚಲಿಸುವ ಮನೆಗೆ ಹಗುರವೇ ಲೇಸು.

ಆ ಪ್ಲೈವುಡ್ಡಿಗೆ ಹೊದಿಸುವ ಲ್ಯಾಮಿನೇಟಿಗೂ ಒಂದು ಚರಿತ್ರೆಯುಂಟು. ಹಿಂದೆ ವಿದ್ಯುತ್ ಯಂತ್ರಗಳಲ್ಲಿ ನಿರೋಧಕವಾಗಿ ಬಳಕೆಯಲ್ಲಿದ್ದುದು ಅಭ್ರಕ, ಅಂದರೆ ನಮ್ಮ ಕಾಗೆಬಂಗಾರ. ಅದಕ್ಕೆ ಬದಲಿಯಾಗಿ 1912ರಲ್ಲಿ ಅಮೆರಿಕದ ಡೇನಿಯಲ್ ಓಕಾನರ್ ಮತ್ತು ಹರ್ಬರ್ಟ್ ಫೇಬರ್ ಇದನ್ನು ರೂಪಿಸಿದರು. ‘ಮೈಕಾಗೆ ಬದಲು’ ಎಂಬರ್ಥದ ಇಂಗ್ಲಿಷ್ ಮಾತೇ ‘ಫಾರ್ಮೈಕಾ’ ಆಯಿತು. ಅಡುಗೆಮನೆಗೆ ಅದು ಬಂದುದು ಆಮೇಲೆ.

ಕತ್ತರಿಸಿದ ಅಂಚುಗಳಿಗೆ ನೀರಿಳಿಯದಂತೆ ಲೇಪ ಹಚ್ಚಿದರೆ ಕಟ್ಟೆ ಬಹುಕಾಲ ಬಾಳುತ್ತದೆ. ಊರಿನ ಬಡಗಿಗಳು ಇಂದಿಗೂ ಈ ಹಾಳೆಯನ್ನು ‘ಮೈಕಾ’ ಎನ್ನುತ್ತಾರೆ. ಹಾಳೆಯಲ್ಲಿ ಅಭ್ರಕವಿಲ್ಲ, ಅದರ ನೆನಪು ಹೆಸರಿನಲ್ಲಿ ಉಳಿದಿದೆ.